ಸ್ಟೋವಿನ ದಾವಲಸಾಬರು ಪ್ರಿಂಟರ್ ಕೂಡಿಸಿದ ಕತೆ

ಬಹಳ ಹಿಂದಿನ ಮಾತು. ಎಷ್ಟು ಹಿಂದೆ ಎಂದು ಕೇಳಿದರೆ ವರ್ಷ ಹೇಳಲು ನನಗೆ ಬರುವುದಿಲ್ಲ. ಮನೆಮನೆಗೆ ಗ್ಯಾಸ್ ಬಂದಿತ್ತು, ಆದರೆ ಸೀಮೆಎಣ್ಣೆ ಸ್ಟೋವನ್ನು ಯಾರೂ ಇನ್ನೂ ಎಸೆದಿರಲಿಲ್ಲ, ಒರೆಸಿ ಅಟ್ಟದ ಮೇಲೆ ಇಟ್ಟಿದ್ದರು. ಅಂಥ ಕಾಲ. ಆ ಕಾಲದಲ್ಲಿ ಕೆಂಪಗೇರಿ ಎಂಬ ಒಂದು ಊರಿತ್ತು. ಊರು ಈಗಲೂ ಇದೆ. ಇತ್ತು ಎಂದದ್ದು ಕತೆ ಹೇಳುವ ರೀತಿಗೆ ಅಷ್ಟೆ.

ಆ ಊರಿಗೆ ವರ್ಷದಲ್ಲಿ ನಾಲ್ಕೈದು ಸಲ ದಾವಲಸಾಬರು ಬರುತ್ತಿದ್ದರು. ಸ್ಟೋವ್ ರಿಪೇರಿ ಅವರ ಕೆಲಸ. ಹೆಗಲಿಗೆ ಒಂದು ಚೀಲ, ಚೀಲದಲ್ಲಿ ಪಿನ್ನು, ವಾಷರು, ಬರ್ನರು, ಒಂದು ಇಕ್ಕಳ. ಪಿನ್ನು ಎಂದರೆ ಬಟ್ಟೆಗೆ ಚುಚ್ಚುವ ಪಿನ್ನಲ್ಲ, ಸ್ಟೋವಿನ ಬಾಯಿಯ ಮಸಿ ತೆಗೆಯುವ ತೆಳು ತಂತಿ. ಹನ್ನೊಂದು ಊರು ಅವರ ಸುತ್ತು. ಓಣಿಯ ತುದಿಯಲ್ಲಿ ನಿಂತು ಕಿವಿಗೊಟ್ಟರೆ ಸಾಕು, ಮೂರನೆಯ ಮನೆಯ ಸ್ಟೋವಿನ ವಾಷರ್ ಒಣಗಿದೆ ಎಂದು ಅಲ್ಲಿಂದಲೇ ಹೇಳುತ್ತಿದ್ದರು, ಅಂತಾರೆ. ಒಮ್ಮೆ ಟೂರಿಂಗ್ ಟಾಕೀಸಿನ ಯಂತ್ರ ನಿಂತಾಗ ಒಬ್ಬ ಹೆಣ್ಣುಮಗಳ ತಲೆಯ ಕ್ಲಿಪ್ಪಿನಿಂದ ಅದನ್ನು ನಡೆಸಿದರು, ಸಿನಿಮಾ ಮುಗಿದ ಮೇಲೆ ಕ್ಲಿಪ್ಪನ್ನು ಮರೆಯದೆ ವಾಪಸು ಕೊಟ್ಟರು, ಅಂತಾರೆ. ನಾನು ಕಣ್ಣಾರೆ ನೋಡಿದ್ದಲ್ಲ. ನಮ್ಮ ಅಜ್ಜಿ ಹೇಳಿದ್ದು. ಅಜ್ಜಿಯೂ ನೋಡಿರಲಿಕ್ಕಿಲ್ಲ.

ಗ್ಯಾಸ್ ಬಂದ ಮೇಲೆ ಕೆಲಸ ಕಡಿಮೆಯಾಯಿತು. ಆದರೂ ಸಾಬರು ಹನ್ನೊಂದು ಊರು ಸುತ್ತುವುದನ್ನು ಬಿಡಲಿಲ್ಲ. ಕೆಲಸವಿಲ್ಲದ ಊರಿನಲ್ಲಿ ಗ್ರಂಥಾಲಯಕ್ಕೆ ಹೋಗಿ ಕೂರುತ್ತಿದ್ದರು. ಆಗ ಪಂಚಾಯಿತಿ ಗ್ರಂಥಾಲಯಗಳಿಗೆ ಒಂದೊಂದು ಕಂಪ್ಯೂಟರ್ ಬಂದಿತ್ತು. ಅದರಲ್ಲಿ ಲಿನಕ್ಸ್ ಎಂಬ ವ್ಯವಸ್ಥೆ ಇತ್ತು. ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಇಲ್ಲದಿದ್ದರೆ ಮುಂದಿನದು ತಿಳಿಯುವುದಿಲ್ಲ. ವ್ಯವಸ್ಥೆ ಎಂದರೆ ಕಂಪ್ಯೂಟರಿನ ಒಳಗೆ ಕೂತು ಎಲ್ಲ ಕೆಲಸ ಹಂಚುವ ಯಜಮಾನ. ಕೆಲವು ಯಜಮಾನರ ಮನೆಯ ಒಳಗೆ ಹೊರಗಿನವರಿಗೆ ಪ್ರವೇಶವಿಲ್ಲ. ಈ ಲಿನಕ್ಸ್ ಹಾಗಲ್ಲ. ಯಾರು ಬೇಕಾದರೂ ಒಳಗೆ ಹೋಗಿ ನೋಡಬಹುದು, ತಿಳಿದರೆ ತಿದ್ದಬಹುದು, ತಿದ್ದಿದ್ದನ್ನು ಇನ್ನೊಬ್ಬರಿಗೆ ಕೊಡಬಹುದು. ಸಾಬರಿಗೆ ಇದು ಬಹಳ ಹಿಡಿಸಿತು. ಮುಚ್ಚಳ ತೆಗೆದು ನೋಡಲು ಬಿಡದ ಸ್ಟೋವನ್ನು ಅವರು ಎಂದೂ ರಿಪೇರಿಗೆ ತೆಗೆದುಕೊಂಡವರಲ್ಲ. ಆ ವ್ಯವಸ್ಥೆಯ ಪುಸ್ತಕ ಅದರ ಹೊಟ್ಟೆಯಲ್ಲೇ ಇರುತ್ತದೆ. ಅದಿರುವುದು ಇಂಗ್ಲಿಷಿನಲ್ಲಿ. ಸಾಬರು ಪಕ್ಕದಲ್ಲಿ ನಿಘಂಟು ಇಟ್ಟುಕೊಂಡು ದಿನಕ್ಕೆ ಒಂದು ಪುಟದಂತೆ ಎರಡು ವರ್ಷ ಓದಿದರು, ಅಂತಾರೆ. ಕೆಲವರು ಏಳು ವರ್ಷ ಅಂತಾರೆ.

ಈಗ ಕೆಂಪಗೇರಿಗೆ ಬರುತ್ತೇನೆ.

ಕೆಂಪಗೇರಿಗೆ ಹೆಸರು ತಂದದ್ದು ದೊಡ್ಡಾಟ, ವೇಷ ಕಟ್ಟಿ ರಾತ್ರಿಯಿಡೀ ಹಾಡಿ ಕುಣಿಯುವ ಬಯಲಾಟ. ಆ ಊರಿನವರು ಆಡುತ್ತಿದ್ದದ್ದು ಮಣಿಕೇತ ರಾಜನ ಆಟ ಒಂದನ್ನೇ. ಬೇರೆ ಊರಿನಲ್ಲಿ ಆ ಆಟ ಇರಲಿಲ್ಲ. ಅದನ್ನು ಪೂರ್ತಿ ಬಲ್ಲವರು ಹೊನ್ನೂರಪ್ಪ ಮಾಸ್ತರ ಒಬ್ಬರೇ. ವೇಷ ಕಟ್ಟುವ ಒಂಬತ್ತು ಮಂದಿಗೆ ಅವರವರ ಮಾತು ಬರುತ್ತಿತ್ತು, ಆದರೆ ಆಟವನ್ನು ಮುಂದಕ್ಕೆ ಎಳೆಯುವ ಮುನ್ನೂರು ಚಿಲ್ಲರೆ ಪದಗಳು, ಎಂದರೆ ಹಾಡುಗಳು, ಮಾಸ್ತರ ಗಂಟಲಲ್ಲಿ ಮಾತ್ರ ಇದ್ದವು, ಮತ್ತು ಒಂದು ಹಳೆಯ ಹೊತ್ತಿಗೆಯಲ್ಲಿ. ಆ ಹೊತ್ತಿಗೆಯನ್ನು ಪ್ರತಿ ಎನ್ನುತ್ತಿದ್ದರು.

ಆ ಊರಿನ ಒಂದು ಪದ್ಧತಿ ಹೇಳಬೇಕು. ಮಾಸ್ತರ ತೀರಿಕೊಂಡರೆ ಅವರ ಪ್ರತಿಯನ್ನು ಅವರ ಜೊತೆಗೇ ಮಣ್ಣಿಗೆ ಇಡುತ್ತಿದ್ದರು. ಹಾಗಂತ ಆಟವನ್ನೇ ಹೂಳುತ್ತಿದ್ದರು ಎಂದು ತಿಳಿಯಬೇಡಿ. ಮೊದಲೇ ಶಿಷ್ಯ ಒಂದು ಹೊಸ ಪ್ರತಿ ಮಾಡಿಕೊಂಡಿರುತ್ತಿದ್ದ. ಹೊಸದಾಯಿತೇ ಎಂದು ಹಿರಿಯರು ಕೇಳುತ್ತಿದ್ದರು, ಆಯಿತು ಎಂದು ಶಿಷ್ಯ ಹೇಳುತ್ತಿದ್ದ, ಆಮೇಲೆ ಹಳೆಯದು ಗುರುವಿನ ಎದೆಯ ಮೇಲೆ. ತಲೆಮಾರುಗಟ್ಟಲೆ ಹೀಗೇ ನಡೆದಿತ್ತು.

ಹೊನ್ನೂರಪ್ಪ ಮಾಸ್ತರ ಪ್ರತಿಗೆ ಗೆದ್ದಲು ಹಿಡಿಯಿತು. ಆಗ ಅವರ ಮೊಮ್ಮಗಳು ದುರಗವ್ವ ಒಂದು ಉಪಾಯ ಮಾಡಿದಳು. ಹತ್ತೊಂಬತ್ತರ ಹುಡುಗಿ, ಗ್ರಂಥಾಲಯದ ಕಂಪ್ಯೂಟರಿನಲ್ಲಿ ಕನ್ನಡ ಬೆರಳಚ್ಚು ಕಲಿತಿದ್ದಳು. ಒಂದು ಮಳೆಗಾಲ ಪೂರ್ತಿ ಮಾಸ್ತರು ಹಾಡುತ್ತಾ ಹೋದರು, ಇವಳು ಬಡಿಯುತ್ತಾ ಹೋದಳು. ಬಡಿದದ್ದನ್ನು ಬೆರಳಷ್ಟು ಉದ್ದದ ಒಂದು ಪೆನ್‌ಡ್ರೈವಿನಲ್ಲಿ ಹಾಕಿಕೊಂಡು, ಅದನ್ನು ದಾರಕ್ಕೆ ಕಟ್ಟಿ ಅಜ್ಜನ ಕೊರಳಿಗೆ ಹಾಕುತ್ತಿದ್ದಳು. ಕಳೆದುಹೋಗಬಾರದೆಂದು.

ಆಟ ಮುಗಿಯುವವರೆಗೆ ಬಡಿದದ್ದಾಯಿತು. ಮಾಸ್ತರು ತಾವೇ ಗ್ರಂಥಾಲಯಕ್ಕೆ ಬಂದು, ಪ್ರಿಂಟ್ ಎಂಬ ಗುಂಡಿಯನ್ನು ತಮ್ಮ ಬೆರಳಿನಿಂದಲೇ ಒತ್ತಿದರು. ಏನೂ ಬರಲಿಲ್ಲ.

ಗ್ರಂಥಾಲಯದ ಮೇಲ್ವಿಚಾರಕ ಅಂದಾನಪ್ಪ ಪಕ್ಕದಲ್ಲೇ ಇದ್ದ. "ಮಷೀನು ದಣದೈತ್ರಿ ಮಾಸ್ತರ, ನಾಳೆ ಬರ್ತೈತಿ" ಎಂದ.

"ದಣಿಯಾಕ ಅದೇನು ಎರಿಹೊಲ ಹರಗೇತೇನೋ ಅಂದಾನಿ?" ಎಂದರು ಮಾಸ್ತರು.

ಮರುದಿನ ಬಂದು ಒತ್ತಿದರು. ಅದರ ಮರುದಿನವೂ ಬಂದರು. ಬಂದಾಗಲೆಲ್ಲ ಅಂದಾನಪ್ಪ ನಾಳೆ ಎಂದ. ಹೀಗೆ ಒಂಬತ್ತು ದಿನ ಒಂಬತ್ತು ಸಲ ಒತ್ತಿದರು, ಅಂತಾರೆ. ಹತ್ತನೆಯ ದಿನ ಬರಲಿಲ್ಲ. ಹನ್ನೊಂದನೆಯ ದಿನ ತೀರಿಕೊಂಡರು.

ಮಣ್ಣಿಗೆ ಇಡುವಾಗ ಹಿರಿಯರು ದುರಗವ್ವನನ್ನು ಕೇಳಿದರು, ಪ್ರತಿ ಆಗಿದೆಯೇ ಎಂದು. ಅವಳು ಅಳುತ್ತಲೇ, ಆಗಿದೆ, ಕಂಪ್ಯೂಟರಿನಲ್ಲಿದೆ ಎಂದಳು. ಅವಳು ಸುಳ್ಳು ಹೇಳಲಿಲ್ಲ. ಅಷ್ಟು ದಿನ ಅದರಲ್ಲಿ ಬಡಿದಿದ್ದಾಳೆ, ಅದರಲ್ಲಿ ಇದ್ದೇ ಇರುತ್ತದೆ ಎಂದು ನಂಬಿದ್ದಳು. ಹಿರಿಯರೂ ನಂಬಿದರು. ಗೆದ್ದಲು ತಿಂದ ಹೊತ್ತಿಗೆಯನ್ನು ಎದೆಯ ಮೇಲಿಟ್ಟರು. ಕೊರಳಿನ ದಾರವನ್ನು ಯಾರೂ ಬಿಚ್ಚಲಿಲ್ಲ. ಮಣ್ಣು ಹಾಕಿದರು.

ಮೂರನೆಯ ದಿನ ಅವಳು ಗ್ರಂಥಾಲಯಕ್ಕೆ ಹೋಗಿ ನೋಡಿದಾಗ ಕಂಪ್ಯೂಟರಿನಲ್ಲಿ ಒಂದು ಅಕ್ಷರವೂ ಇರಲಿಲ್ಲ. ಆ ಕಂಪ್ಯೂಟರಿನಲ್ಲಿ ಊರಿನವರೆಲ್ಲ ಒಳಗೆ ಹೋಗುತ್ತಿದ್ದದ್ದು ಅತಿಥಿ ಎಂಬ ಹೆಸರಿನಿಂದ. ಅತಿಥಿಯ ಕೋಣೆ ಧರ್ಮಶಾಲೆಯ ಕೋಣೆ ಇದ್ದ ಹಾಗೆ. ನೀವು ಎದ್ದು ಹೋದ ಕೂಡಲೇ ಗುಡಿಸಿ ಸಾರಿಸಿಬಿಡುತ್ತಾರೆ. ದಿನಾ ಪೆನ್‌ಡ್ರೈವಿನಿಂದ ತೆಗೆದು ದಿನಾ ಅದಕ್ಕೇ ಹಾಕುತ್ತಿದ್ದವಳಿಗೆ ಇದು ಗೊತ್ತಾಗುವ ಪ್ರಸಂಗವೇ ಬಂದಿರಲಿಲ್ಲ.

ಅಗೆದು ತೆಗೆಯಬಹುದಿತ್ತಲ್ಲ ಎಂದು ನೀವು ಕೇಳುತ್ತೀರಿ. ಎಲ್ಲರೂ ಇಲ್ಲಿಗೆ ಬಂದಾಗ ಕೇಳುತ್ತಾರೆ. ಅಗೆಯುವುದಿಲ್ಲ. ಅಷ್ಟೆ.

ಆ ವರ್ಷ ಬಾಯಿಪಾಠದ ಮೇಲೆಯೇ ಆಟಕ್ಕೆ ನಿಂತರು. ಮಣಿಕೇತ ರಾಜನ ವೇಷ ಕರಿಬಸಪ್ಪನದು. ಎರಡನೆಯ ಪ್ರಸಂಗದಲ್ಲಿ ರಾಜ ಕತ್ತಿ ಹಿರಿದು ನಿಂತ. ಮುಂದಿನ ಪದ ಯಾರಿಗೂ ಬರಲಿಲ್ಲ. ಮದ್ದಳೆಯವನು ಬಾರಿಸಿಯೇ ಬಾರಿಸಿದ. ರಾಜ ನಿಂತೇ ಇದ್ದ. ಕಡೆಗೆ ಜನ ಒಬ್ಬೊಬ್ಬರೇ ಚಾಪೆ ಸುತ್ತಿಕೊಂಡು ಎದ್ದರು. ಆಮೇಲೆ ಐದು ವರ್ಷ ಕೆಂಪಗೇರಿಯಲ್ಲಿ ಆಟ ಇಲ್ಲ.

ಎಲ್ಲರ ಸಿಟ್ಟು ಹೋಗಿ ಬಿದ್ದದ್ದು ದುರಗವ್ವನ ಮೇಲೆ. ನೀರಿಗೆ ಹೋದರೆ ಕಟ್ಟೆಯ ಮೇಲಿನಿಂದ ಕರಿಬಸಪ್ಪ ಕೂಗುತ್ತಿದ್ದ. "ಏ ಕಂಪ್ಯೂಟ್ರವ್ವಾ, ರಾಜ ಇನ್ನೂ ನಿಂತಾನಬೇ. ಗುಂಡಿ ಒತ್ತಿ ಒಂದು ಪದಾ ಬಿಡಬೇ ಅವಗ!" ಕಟ್ಟೆ ಪೂರ್ತಿ ನಗುತ್ತಿತ್ತು. ಅವಳು ತಿರುಗಿ ಬಯ್ಯುತ್ತಿರಲಿಲ್ಲ. ಆದರೆ ಸಿಕ್ಕವರನ್ನೆಲ್ಲ ಒಂದು ಪ್ರಶ್ನೆ ಕೇಳುತ್ತಿದ್ದಳು. ಅಜ್ಜ ಒತ್ತಿದ್ದು ಎಲ್ಲಿಗೆ ಹೋಯಿತು? ಒತ್ತಿದಾಗ ಕಂಪ್ಯೂಟರು ಆಗದು ಅನ್ನಲಿಲ್ಲ, ಸರಿ ಎಂದಿತು. ಸರಿ ಎಂದು ತೆಗೆದುಕೊಂಡ ಮೇಲೆ ಅದನ್ನು ಎಲ್ಲಿ ಇಟ್ಟಿತು? ಎಲ್ಲೂ ಇಲ್ಲವ್ವ, ಬರಲಿಲ್ಲ ಎಂದರೆ ಇಲ್ಲ ಎಂದು ಅರ್ಥ ಎನ್ನುತ್ತಿದ್ದರು ಎಲ್ಲರೂ. ಮಾಸ್ತರ ಹಿಂದೆಯೇ ಮೊಮ್ಮಗಳ ತಲೆಯೂ ಹೋಯಿತು ಎಂದರು ಕೆಲವರು.

ಐದನೆಯ ವರ್ಷ ಗ್ರಂಥಾಲಯಕ್ಕೆ ಇನ್ನೊಂದು ಪ್ರಿಂಟರ್ ಬಂತು. ಮುಚ್ಚಿಹೋದ ಯಾವುದೋ ಕಚೇರಿಯದು. ಹಳೆಯ ಪ್ರಿಂಟರು ಐದು ವರ್ಷದಿಂದ ಬಟ್ಟೆ ಹೊದ್ದು ಮಲಗಿತ್ತು. ಅದಕ್ಕೆ ಏನಾಗಿತ್ತೆಂದು ಅಂದಾನಪ್ಪ ಯಾರಿಗೂ ಹೇಳಿರಲಿಲ್ಲ, ಯಾರೂ ಒತ್ತಾಯ ಮಾಡಿ ಕೇಳಿರಲಿಲ್ಲ. ಹೊಸದನ್ನು ಕೂಡಿಸಲು ಪೇಟೆಯಿಂದ ಒಬ್ಬ ಮೆಕ್ಯಾನಿಕ್ಕನ್ನು ಕರೆಸಿದರು. ಅವನು ಕಂಪ್ಯೂಟರ್ ನೋಡಿದ, ಪ್ರಿಂಟರ್ ನೋಡಿದ, ತಲೆ ಅಲ್ಲಾಡಿಸಿದ. ಇದು ಪುಕ್ಕಟೆ ವ್ಯವಸ್ಥೆ, ಇದಕ್ಕೂ ಈ ಪ್ರಿಂಟರಿಗೂ ಮಾತಿಲ್ಲ, ಪ್ರಿಂಟರ್ ಜೊತೆ ಬಂದ ಸಿ.ಡಿ. ತಟ್ಟೆ ಇದರಲ್ಲಿ ನಡೆಯುವುದಿಲ್ಲ, ಕಂಪ್ಯೂಟರಿನಲ್ಲಿ ಇರುವುದನ್ನೆಲ್ಲ ಅಳಿಸಿ ಬೇರೆ ವ್ಯವಸ್ಥೆ ಹಾಕಬೇಕು ಎಂದ. ಭಾನುವಾರ ಮಧ್ಯಾಹ್ನದ ಎರಡರ ಬಸ್ಸಿಗೆ ಬರುತ್ತೇನೆ, ಎಲ್ಲ ಅಳಿಸುತ್ತೇನೆ ಎಂದು ಹೇಳಿ ಹೋದ.

ಎಲ್ಲ ಅಳಿಸುತ್ತೇನೆ ಎಂಬ ಮಾತು ದುರಗವ್ವನ ಕಿವಿಗೂ ಬಿತ್ತು. ಒತ್ತಿದ್ದು ಅದರೊಳಗೆ ಎಲ್ಲಾದರೂ ಇದ್ದರೆ, ಭಾನುವಾರ ಎರಡು ಗಂಟೆಯ ನಂತರ ಅದೂ ಇರುವುದಿಲ್ಲ.

ಆ ಭಾನುವಾರ ಬೆಳಗ್ಗೆ ದಾವಲಸಾಬರು ಊರಿಗೆ ಬಂದರು.

ದುರಗವ್ವ ಊರ ಬಾಗಿಲ ಅಗಸಿಯಲ್ಲೇ ಅವರನ್ನು ತಡೆದಳು. "ಕಾಕಾ, ಒಂದು ಮಾತು ಕೇಳ್ತೀನಿ. ನಗಬಾರದು ಮತ್ತ."

"ನಗೂದಿದ್ರ ಈಗ ನಕ್ಕಬಿಡ್ತೀನಿ, ತಡಿ" ಎಂದು ಸಾಬರು ಒಮ್ಮೆ ನಕ್ಕು, ಮುಖ ಒರೆಸಿಕೊಂಡು, "ಹೂಂ, ಕೇಳು" ಎಂದರು.

"ಒತ್ತಿದ್ದು ಎಲ್ಲಿಗೆ ಹೋಗತೈತಿ?"

ಸಾಬರು ಹೆಗಲಿನ ಚೀಲ ಕೆಳಗಿಟ್ಟರು. ಆಮೇಲೆ ಎಲ್ಲ ಕೇಳಿಸಿಕೊಂಡರು. ಮಾಸ್ತರು ಎಷ್ಟು ಸಲ ಒತ್ತಿದರು, ಕಂಪ್ಯೂಟರ್ ಏನಂದಿತು, ನಡುವೆ ಯಾರಾದರೂ ಅದರ ಹೊಟ್ಟೆ ಬಗೆದರೇ, ಎಲ್ಲ. ಕಡೆಗೆ, "ನನಗ ಗೊತ್ತಿಲ್ಲ ಯವ್ವಾ. ನೋಡೂಣು ನಡಿ" ಎಂದರು. ಐದು ವರ್ಷದಲ್ಲಿ ಆ ಪ್ರಶ್ನೆಗೆ ಇಲ್ಲ ಎನ್ನದೆ ನೋಡೋಣ ಎಂದವರು ಅವರೊಬ್ಬರೇ. ಇದನ್ನು ಹೇಳುವಾಗ ನಮ್ಮ ಅಜ್ಜಿ ಪ್ರತಿ ಸಲ ನಿಲ್ಲಿಸಿ ಮೂಗು ಒರೆಸಿಕೊಳ್ಳುತ್ತಿದ್ದಳು.

ಪ್ರಿಂಟರ್ ಹೇಗೆ ಕೂಡಿಸಿದರು ಎಂಬುದನ್ನು ಒಂದೊಂದಾಗಿ ಹೇಳುತ್ತೇನೆ. ಕೆಲವರು ಸಾಬರು ಮುಟ್ಟಿದರು, ಅದು ನಡೆಯಿತು ಎಂದು ಹೇಳಿ ಮುಗಿಸುತ್ತಾರೆ. ಅದು ತಪ್ಪು.

ಮೊದಲು ಪ್ರಿಂಟರಿಗೆ ಕರೆಂಟ್ ಕೊಟ್ಟು ದೀಪ ನೋಡಿದರು. ಹತ್ತಿತು. ಆಮೇಲೆ ಅದರ ವೈರನ್ನು ಕಂಪ್ಯೂಟರಿಗೆ ಚುಚ್ಚಿದರು. ಆಮೇಲೆ ಕಪ್ಪು ಪರದೆಯೊಂದನ್ನು ತೆರೆದು ಒಂದು ಪದ ಬರೆದರು. ನಿನ್ನ ಮನೆಗೆ ಯಾರ್ಯಾರು ಬಂದಿದ್ದಾರೆ ಎಂದು ಕಂಪ್ಯೂಟರನ್ನು ಕೇಳುವ ಪದ ಅದು. ಕಂಪ್ಯೂಟರು ಸಾಲಾಗಿ ಹೆಸರು ಹೇಳಿತು. ಕೀಲಿಮಣೆ ಬಂದಿದೆ, ಮೌಸು ಬಂದಿದೆ, ಇಂಥ ಕಂಪನಿಯ ಇಂಥ ಪ್ರಿಂಟರು ಬಂದಿದೆ. "ನೋಡ್ರಿ, ಗುರುತು ಹಿಡಿತು. ಮಾತಿಲ್ಲ ಅಂದ್ರಲ್ಲ, ಮುಖಾ ನೋಡಿ ಹೆಸರು ಹೇಳೂವಷ್ಟು ಐತಿ" ಎಂದರು ಸಾಬರು.

ಅಷ್ಟು ಹೊತ್ತಿಗೆ ಬಾಗಿಲಿನಲ್ಲಿ ಜನ ಸೇರಿದ್ದರು. ಸಾಬರು ಇಂಟರ್ನೆಟ್ ನೋಡುವ ಕಿಟಕಿ ತೆರೆದು ಒಂದು ವಿಳಾಸ ಹಾಕಿದರು. ಊರಿನಲ್ಲಿ ಆ ದಿನ ಇಂಟರ್ನೆಟ್ ಇರಲಿಲ್ಲ. ಆದರೂ ಪುಟ ತೆರೆಯಿತು. ಜನ ಹೌಹಾರಿದರು. ಇದರಲ್ಲಿ ಮಾಯೆಯೇನೂ ಇಲ್ಲ. ಆ ಪುಟ ಹೊರಗಿನಿಂದ ಬರುವುದಲ್ಲ, ಕಂಪ್ಯೂಟರಿನ ಒಳಗೇ ಇರುವುದು. ಪ್ರಿಂಟರುಗಳ ಉಸ್ತುವಾರಿಗೆಂದು ವ್ಯವಸ್ಥೆ ಒಳಗೆ ಇಟ್ಟುಕೊಂಡ ಕಟ್ಟೆ ಅದು. ಅಲ್ಲಿ ಹೊಸ ಪ್ರಿಂಟರ್ ಸೇರಿಸು ಎಂಬ ಗುಂಡಿ ಇತ್ತು. ಒತ್ತಿದರೆ ಗುಪ್ತಪದ ಕೇಳಿತು. ಅದು ಗೊತ್ತಿದ್ದದ್ದು ಅಂದಾನಪ್ಪನಿಗೆ ಮಾತ್ರ. ಅವನು ಹಿಂದೆ ಮುಂದೆ ನೋಡಿ ಸಾಬರ ಕಿವಿಯಲ್ಲಿ ಹೇಳಿದ. ಅದು ಅವನ ಎಮ್ಮೆಯ ಹೆಸರು, ಅಂತಾರೆ. ಅವನ ಮನೆಯವರು ಅಲ್ಲ ಅಂತಾರೆ.

ಆಮೇಲೆ ಕಂಪ್ಯೂಟರು ಡ್ರೈವರ್ ಯಾವುದು ಎಂದು ಕೇಳಿತು. ಇದು ಬಸ್ಸು ಓಡಿಸುವವನಲ್ಲ. ಕಂಪ್ಯೂಟರಿನ ಮಾತನ್ನು ಪ್ರಿಂಟರಿಗೆ ತಿಳಿಯುವ ಮಾತಿಗೆ ತಿರುಗಿಸಿ ಹೇಳುವ ದುಭಾಷಿ. ದೊಡ್ಡ ಪಟ್ಟಿ ಬಂತು. ಅದರಲ್ಲಿ ಈ ಪ್ರಿಂಟರಿನ ಹೆಸರಿನ ದುಭಾಷಿ ಇರಲಿಲ್ಲ. ಮೆಕ್ಯಾನಿಕ್ ತಲೆ ಅಲ್ಲಾಡಿಸಿದ್ದು ಬಹುಶಃ ಇಲ್ಲಿಯೇ. ಸಾಬರು ಅದರ ಅಣ್ಣತಮ್ಮಂದಿರನ್ನು ಹುಡುಕಿದರು. ಅದೇ ಕಂಪನಿಯ, ಒಂದಂಕಿ ಹೆಚ್ಚು ಕಡಿಮೆಯ ಪ್ರಿಂಟರುಗಳವು. ಒಂದನ್ನು ಆರಿಸಿ, ಪರೀಕ್ಷೆಗೆ ಒಂದು ಹಾಳೆ ಕಳಿಸಿದರು. ಹಾಳೆಯ ತಲೆಯ ಮೇಲೆ ಇರುವೆ ಸಾಲಿನ ಹಾಗೆ ಏನೋ ಚಿಹ್ನೆಗಳು ಬಂದವು. ಮುಂದಿನ ಹಾಳೆಯಲ್ಲೂ ಒಂದು ಸಾಲು ಇರುವೆ. ಮೂರನೆಯದರಲ್ಲೂ. ಸಾಬರು ಓಡಿಹೋಗಿ ನಿಲ್ಲಿಸಿದರು.

"ಇರಬಿ ಗೂಡಿಗೆ ಕೈ ಹಾಕಿರ್ರಿ ಸಾಬರ" ಎಂದ ಬಾಗಿಲಿನಲ್ಲಿ ನಿಂತಿದ್ದ ಕರಿಬಸಪ್ಪ.

ಸಾಬರು ಒಂದು ಹಾಳೆಯ ಬೆನ್ನಿಗೆ ಪೆನ್ಸಿಲಿನಲ್ಲಿ ಬರೆದರು. ಇಂಥ ದುಭಾಷಿ, ಆಗಲಿಲ್ಲ, ಇರುವೆ ಬಂದವು. ಆಗದ್ದನ್ನು ಬರೆದು ಏನುಪಯೋಗ ಎಂದು ಯಾರೋ ಕೇಳಿದರು. ಮುಂದೆ ಬರುವವರು ಮತ್ತೆ ಇದೇ ಇರುವೆ ತುಳಿಯಬಾರದಲ್ಲ ಎಂದರು. ಎರಡನೆಯ ದುಭಾಷಿಗೆ ಅರ್ಧ ಹಾಳೆ ಬಂದು ನಿಂತಿತು. ಅದನ್ನೂ ಬರೆದರು. ಮೂರನೆಯದಕ್ಕೆ ಹಾಳೆ ಸರಾಗ ಹೊರಗೆ ಬಂತು, ಬಣ್ಣದ ಚಕ್ರ, ಗೆರೆ, ಅಂಚು ಎಲ್ಲ ಸರಿಯಾಗಿ. ಆದದ್ದನ್ನೂ ಬರೆದರು. ಮೂವತ್ತನೆಯದಕ್ಕೆ ಬಂತು ಎನ್ನುವವರೂ ಇದ್ದಾರೆ. ಆದರೆ ಎರಡು ಗಂಟೆಯ ಬಸ್ಸು ಇನ್ನೂ ಬಂದಿರಲಿಲ್ಲ. ಅಷ್ಟರೊಳಗೆ ಮೂವತ್ತು ಮಾಡಲು ಹೊತ್ತಿರಲಿಲ್ಲ.

ಪ್ರಿಂಟರ್ ಕೂತಿತು. ಜನ ಚಪ್ಪಾಳೆ ಹೊಡೆದರು. ದುರಗವ್ವ ಹೊಡೆಯಲಿಲ್ಲ. ಅವಳು ಪರದೆಯನ್ನೇ ನೋಡುತ್ತಿದ್ದಳು. "ಕಾಕಾ, ಹಳೇ ಪ್ರಿಂಟರಿನ ಹೆಸರು ಇನ್ನೂ ಐತಲ್ಲ" ಎಂದಳು.

ಇತ್ತು. ಹೊಸದರ ಮೇಲೆ ಹಳೆಯದರ ಹೆಸರು. ಸಾಬರು ಅದನ್ನು ಒತ್ತಿದರು. ಕೆಳಗೆ ಒಂದು ಪಟ್ಟಿ ಬಿಚ್ಚಿಕೊಂಡಿತು. ನೂರಾ ಹದಿನಾಲ್ಕು ಕೆಲಸಗಳು ಕಾಯುತ್ತಿವೆ ಎಂದಿತ್ತು.

ಇದು ಹೇಗೆಂದರೆ, ಪ್ರಿಂಟ್ ಒತ್ತಿದ್ದು ಅತಿಥಿಯ ಕೋಣೆಯಲ್ಲಿ ಇರುವುದಿಲ್ಲ. ಅದು ಯಜಮಾನನ ಸ್ವಂತ ಉಗ್ರಾಣಕ್ಕೆ ಹೋಗಿ ಸಾಲಿನಲ್ಲಿ ಕೂರುತ್ತದೆ. ಪ್ರಿಂಟರು ಸತ್ತಿದ್ದರೆ, ಎಂದಾದರೂ ಏಳುತ್ತದೆ ಎಂದು ಕಾಯುತ್ತದೆ. ಕರೆಂಟ್ ಹೋಗಿ ಬಂದರೂ ಕಾಯುತ್ತದೆ. ಅತಿಥಿಯ ಕೋಣೆಯನ್ನು ಐದು ವರ್ಷ ದಿನಾ ಗುಡಿಸಿದರು, ಉಗ್ರಾಣವನ್ನು ಯಾರೂ ಗುಡಿಸಿರಲಿಲ್ಲ.

ಆದರೆ ಯಾವುದು ಯಾರದು ಎಂದು ತಿಳಿಯುವಂತಿರಲಿಲ್ಲ. ಒಬ್ಬರ ಕಾಗದ ಇನ್ನೊಬ್ಬರು ನೋಡಬಾರದೆಂದು ವ್ಯವಸ್ಥೆ ಎಲ್ಲದರ ಹೆಸರು ಮರೆಮಾಡಿತ್ತು. ಕಂಪ್ಯೂಟರಿನ ಗಡಿಯಾರದ ಸೆಲ್ಲು ಹೋಗಿದ್ದರಿಂದ ತಾರೀಖೂ ಎಲ್ಲದಕ್ಕೂ ಒಂದೇ. ಪಟ್ಟಿಯ ಪಕ್ಕದಲ್ಲಿ ಎರಡು ಗುಂಡಿ. ಒಂದು, ಇವನ್ನು ಬೇರೆ ಪ್ರಿಂಟರಿಗೆ ಸಾಗಿಸು. ಇನ್ನೊಂದು, ಎಲ್ಲವನ್ನೂ ರದ್ದು ಮಾಡು.

ಅಂದಾನಪ್ಪ ಮುಂದೆ ಬಂದು ಮೌಸಿಗೆ ಕೈ ಹಾಕಿದ. "ಹಳೇ ಕಸಾರೀ ಇದು. ರದ್ದು ಮಾಡ್ರಿ. ನೂರಾರು ಹಾಳಿ ಹಾಳಾಗ್ತಾವು, ಶಾಯಿ ಮುಗೀತೈತಿ!"

ಸಾಬರು ಅವನ ಕೈ ಮೇಲೆ ತಮ್ಮ ಕೈ ಇಟ್ಟರು. "ಐದು ವರ್ಷ ಪಾಳೆ ಹಚ್ಚಿ ನಿಂತಾರ ಅಂದಾನಪ್ಪಾ. ಯಾರ್ರೀ ನೀವು ಅಂತ ಒಂದು ಮಾತು ಕೇಳದ ಹೊರಗ ಹಾಕೂದ?"

"ನಾ ಇಲ್ಲಿ ಮೇಲ್ವಿಚಾರಕ ಅದೀನಿ!"

"ಹೌದು. ವಿಚಾರ ಮಾಡು ಮತ್ತ."

ಸಾಬರು ಅವನ ಕೈಯನ್ನು ಒತ್ತಿಹಿಡಿಯಲಿಲ್ಲ, ಸುಮ್ಮನೆ ತಮ್ಮ ಕೈ ಇಟ್ಟುಕೊಂಡಿದ್ದರು. ಅವನೇ ಕೈ ತೆಗೆದ. ಸಾಬರು ದುರಗವ್ವನನ್ನು ಕುರ್ಚಿಯಲ್ಲಿ ಕೂರಿಸಿ, ನೀನೇ ಒತ್ತು ಎಂದರು. ಅವಳು ಸಾಗಿಸು ಎಂಬುದನ್ನು ಒತ್ತಿದಳು.

ಪ್ರಿಂಟರು ಒಮ್ಮೆ ಕೆಮ್ಮಿತು. ಮೊದಲನೆಯ ಹಾಳೆ ಬಂತು. ಬಾಗಿಲಿನಲ್ಲಿದ್ದ ಒಬ್ಬ ಅಜ್ಜಿ ಓದಿ ಹೇಳಲು ಹೇಳಿದಳು. ಕರಿಬಸಪ್ಪ ಓದಿದ.

"ಪ್ರಿಂಟರ್ ಕೆಟ್ಟಿದೆ. ಯಾರೂ ಒತ್ತಬಾರದು. ಮೇಲ್ವಿಚಾರಕ, ಕೆಂಪಗೇರಿ."

ಎರಡನೆಯದೂ ಅದೇ. ಮೂರನೆಯದೂ ಅದೇ. ಅಂದಾನಪ್ಪ ಪ್ರಿಂಟರ್ ಕೆಟ್ಟಿದೆ ಎಂಬ ಸೂಚನೆಯನ್ನು ಆ ಕೆಟ್ಟ ಪ್ರಿಂಟರಿನಲ್ಲೇ ಮೂರು ಸಲ ಅಚ್ಚು ಹಾಕಲು ನೋಡಿದ್ದ. ಜನ ಹೊಟ್ಟೆ ಹಿಡಿದು ನಕ್ಕರು. ದುರಗವ್ವ ನಗಲಿಲ್ಲ. ಸಾಲಿನಲ್ಲಿ ಮೊದಲು ನಿಂತದ್ದು ಆ ಸೂಚನೆ ಎಂದರೆ, ಅಜ್ಜ ಒತ್ತುವ ಮೊದಲೇ ಅದು ಕೆಟ್ಟದ್ದು ಅಂದಾನಪ್ಪನಿಗೆ ಗೊತ್ತಿತ್ತು ಎಂದಾಯಿತು. ಅವಳು ತಿರುಗಿ ಅವನನ್ನು ನೋಡಿದಳು. ನಗು ಒಂದೊಂದಾಗಿ ನಿಂತಿತು.

ಆಗ ಅಂದಾನಪ್ಪ ಹೇಳಿದ. ಆಯುಧಪೂಜೆಯ ದಿನ ಪ್ರಿಂಟರಿಗೆ ಕುಂಕುಮ ಹಚ್ಚಿ, ಹೂವಿಟ್ಟು, ಭಕ್ತಿ ಹೆಚ್ಚಾಗಿ ಅದರ ತಲೆಯ ಮೇಲೆಯೇ ಕಾಯಿ ಒಡೆದಿದ್ದ. ನೀರೆಲ್ಲ ಒಳಗೆ ಹೋಯಿತು. ಒಣಗಿದರೆ ಸರಿಹೋಗುತ್ತದೆ ಎಂದು ಕಾದ. ದೀಪ ಹತ್ತುತ್ತಿತ್ತು, ಆದರೆ ಅಚ್ಚಾಗುತ್ತಿರಲಿಲ್ಲ. ಸರ್ಕಾರದ ವಸ್ತುವಿನ ಮೇಲೆ ಕಾಯಿ ಒಡೆದೆ ಎಂದರೆ ಕೆಲಸ ಹೋಗುತ್ತದೆ ಎಂದು ಹೆದರಿದ. ಮಾಸ್ತರು ಬಂದಾಗಲೆಲ್ಲ ನಾಳೆ ಎಂದ. "ಖರೇನ ಒಣಗತೈತಿ ಅಂದ್ಕೊಂಡಿದ್ದೆ ತಂಗಿ" ಎಂದ.

ಹಾಳೆ ಮುಗಿದಿದೆ, ತುಂಬು ಎಂದಷ್ಟೇ ದುರಗವ್ವ ಅವನಿಗೆ ಹೇಳಿದಳು, ಅಂತಾರೆ.

ಒಂದೊಂದೇ ಬಂದವು. ಒಂದು ಮದುವೆಯ ಕರೆಯೋಲೆ, ಆ ದಂಪತಿಗೆ ಆಗಲೇ ಇಬ್ಬರು ಮಕ್ಕಳು. ಬೀದಿದೀಪ ಬೇಕೆಂಬ ಅರ್ಜಿ, ದೀಪ ಬಂದು ಮತ್ತೆ ಕೆಟ್ಟೂ ಹೋಗಿತ್ತು. ಯಾರದೋ ಜಾತಕ. ಒಬ್ಬರು ಅಕ್ಕನಿಗೆ ಬರೆದ ಕಾಗದ, ಅದನ್ನು ಸಾಬರು ಓದಗೊಡದೆ ಮಡಿಸಿ ಅವರ ಮನೆಗೆ ಕಳಿಸಿದರು. ಒಂದೊಂದು ಹಾಳೆಗೂ ಜನ ಕತ್ತು ಚಾಚುತ್ತಿದ್ದರು. ಇದು ನಂದು, ಇದು ನಮ್ಮತ್ತಿದು ಎಂದು ಕೂಗಿ ತೆಗೆದುಕೊಳ್ಳುತ್ತಿದ್ದರು.

ಆಮೇಲೆ ಒಂದು ಹಾಳೆ ಬಂತು. ಅದನ್ನು ಯಾರೂ ನನ್ನದು ಎನ್ನಲಿಲ್ಲ. ಕರಿಬಸಪ್ಪ ಅದರ ಮೊದಲ ಸಾಲು ನೋಡಿದ. ಹಾಳೆಯನ್ನು ಎರಡೂ ಕೈಯಲ್ಲಿ ಹಿಡಿದು ದುರಗವ್ವನ ಮುಂದೆ ಇಟ್ಟ.

ಮಣಿಕೇತ ರಾಜನ ಆಟ. ಹಾಡಿದವರು ಹೊನ್ನೂರಪ್ಪ ಮಾಸ್ತರ. ಬರೆದವಳು ದುರಗವ್ವ.

"ಶಾಯಿ ಹಸೀ ಐತಿ, ಕಣ್ಣೀರು ಹಾಕಬ್ಯಾಡ" ಎಂದರು ಸಾಬರು.

ಅರವತ್ತನಾಲ್ಕು ಪುಟ. ಮೂವತ್ತೊಂದನೆಯದಕ್ಕೆ ಗ್ರಂಥಾಲಯದ ಹಾಳೆ ತೀರಿತು. ಜನ ಮನೆಗೆ ಓಡಿದರು. ಪರೀಕ್ಷೆಯ ಉಳಿದ ಹಾಳೆ ತಂದರು, ಗೋಡೆಯ ಕ್ಯಾಲೆಂಡರ್ ಕಿತ್ತು ಕತ್ತರಿಸಿ ತಂದರು. ಅದರ ನಡುವೆಯೇ ಎರಡರ ಬಸ್ಸು ಬಂತು, ಮೆಕ್ಯಾನಿಕ್ ಚೀಲ ಹಿಡಿದು ಇಳಿದ. ಒಳಗೆ ಬಂದು, ಮಾತಿಲ್ಲ ಎಂದಿದ್ದ ಪ್ರಿಂಟರಿನಿಂದ ಹಾಳೆ ಮೇಲೆ ಹಾಳೆ ಬರುವುದನ್ನು ನೋಡಿದ. "ಇದನ್ನ ಅಳಸಾಕ ಬಂದಿದ್ದೇನೋ ಎಪ್ಪಾ?" ಎಂದು ಆ ಅಜ್ಜಿ ಕೇಳಿದಳು. ಅವನು ಚೀಲ ಬಿಚ್ಚಿ, ತಾನು ತಂದಿದ್ದ ಹೊಸ ಹಾಳೆಯ ಕಟ್ಟನ್ನು ಕೊಟ್ಟ. ಯಾವ ದುಭಾಷಿ ಹಾಕಿದಿರಿ ಎಂದು ಸಾಬರನ್ನು ಕೇಳಿದ. ಸಾಬರು ಪೆನ್ಸಿಲಿನಲ್ಲಿ ಬರೆದಿದ್ದ ಹಾಳೆ ತೋರಿಸಿದರು. ಅವನು ಕೂತು ಅದನ್ನು ನಕಲು ಮಾಡಿಕೊಂಡ.

ಮಾಸ್ತರು ಒಂಬತ್ತು ಸಲ ಒತ್ತಿದ್ದರಿಂದ ಆಟ ಒಂಬತ್ತು ಸಲ ಬಂತು, ಒಂಬತ್ತು ವೇಷದವರಿಗೆ ಒಂದೊಂದು ಪ್ರತಿ ಆಯಿತು, ಅಂತಾರೆ. ಕತೆಗೆ ಚೆಂದ. ಆದರೆ ಅಷ್ಟಕ್ಕೆ ಶಾಯಿ ಸಾಲುವುದಿಲ್ಲ. ಎರಡು ಪೂರ್ತಿ ಬಂದಿರಬೇಕು, ಮೂರನೆಯದು ಬರಬರುತ್ತಾ ಮಾಸಿರಬೇಕು ಎಂದು ನನ್ನ ಅಂದಾಜು.

ಸುಗ್ಗಿ ಮುಗಿದ ಮೇಲೆ ಆಟ ಕಟ್ಟಿದರು. ರಾಜ ಎರಡನೆಯ ಪ್ರಸಂಗದಲ್ಲಿ ಕತ್ತಿ ಹಿರಿದು ನಿಂತ. ಹಿಂದೆ, ಮಾಸ್ತರು ನಿಲ್ಲುತ್ತಿದ್ದ ಜಾಗದಲ್ಲಿ, ದುರಗವ್ವ ಹಾಳೆಯ ಕಟ್ಟು ಹಿಡಿದು ನಿಂತಿದ್ದಳು. ಆ ಜಾಗದಲ್ಲಿ ಅಲ್ಲಿಯವರೆಗೆ ಹೆಂಗಸು ನಿಂತಿರಲಿಲ್ಲ. ಅವಳು ಪದ ಎತ್ತಿದಳು. ರಾಜ ಹೆಜ್ಜೆ ಹಾಕಿದ. ಮುಂದೆ ನಲವತ್ತು ವರ್ಷ ಕೆಂಪಗೇರಿಯ ಮಾಸ್ತರ ಅವಳೇ.

ದಾವಲಸಾಬರು ಆ ಆಟ ನೋಡಲು ಬಂದಿದ್ದರೋ ಇಲ್ಲವೋ, ಇದರಲ್ಲಿ ಎರಡು ಮಾತಿದೆ. ಪ್ರಿಂಟರ್ ಕೂಡಿಸಿದ ದಿನ ಅವರು ಒಂದು ಕಪ್ಪು ಚಹಾ ಕುಡಿದು, ಆ ಪೆನ್ಸಿಲಿನ ಹಾಳೆಯನ್ನು ಪ್ರಿಂಟರಿನ ಮೇಲಿನ ಗೋಡೆಗೆ ಅಂಟಿಸಿ, ಮುಂದಿನ ಊರಿಗೆ ನಡೆದರು. ಅವರು ಯಾವ ಊರಿನಲ್ಲಿ ತೀರಿಕೊಂಡರು ಎಂಬುದೂ ಸರಿಯಾಗಿ ಗೊತ್ತಿಲ್ಲ. ಹನ್ನೊಂದು ಊರಿನವರೂ ನಮ್ಮಲ್ಲೇ ಅಂತಾರೆ.

ಈಗಲೂ ಆ ಹನ್ನೊಂದು ಊರಿನಲ್ಲಿ ಹೊಸ ಪ್ರಿಂಟರ್ ಕೂಡಿಸಿದರೆ ಮೊದಲು ಬಂದ ಹಾಳೆಯನ್ನು ಯಾರೂ ಮನೆಗೆ ಒಯ್ಯುವುದಿಲ್ಲ. ಅದರ ಬೆನ್ನಿಗೆ ಆಗದ್ದನ್ನು ಮೊದಲು ಬರೆಯುತ್ತಾರೆ, ಆದದ್ದನ್ನು ಆಮೇಲೆ. ಬರೆದು ಗೋಡೆಗೆ ಅಂಟಿಸುತ್ತಾರೆ. ಕಾಯಿಯನ್ನು ಬಾಗಿಲ ಹೊರಗೆ ಒಡೆಯುತ್ತಾರೆ. ಹೋದ ತಿಂಗಳು ನಾನು ಕೆಂಪಗೇರಿಗೆ ಹೋದಾಗ ಒಂದು ಹೊಸ ಹಾಳೆ ನೋಡಿದೆ. ಯಾರು ಬರೆದದ್ದೋ, ಹೆಸರು ಹಾಕಿರಲಿಲ್ಲ. ಮೊದಲನೆಯದು ಆಗಲಿಲ್ಲ. ಎರಡನೆಯದು ಆಗಲಿಲ್ಲ. ಮೂರನೆಯದರ ಹೊತ್ತಿಗೆ ಕರೆಂಟ್ ಹೋಯಿತು. ನಾಲ್ಕನೆಯದು ಆಯಿತು, ಆದರೆ ಹಾಳೆ ಬಲಗಡೆ ಒತ್ತಿ ಇಡಬೇಕು. ಇಷ್ಟೇ ಬರೆದಿತ್ತು. ಅದರ ಕೆಳಗಿನ ಅರ್ಧ ಹಾಳೆಯನ್ನು ಖಾಲಿ ಬಿಟ್ಟಿದ್ದರು, ಪಕ್ಕದಲ್ಲಿ ಒಂದು ಪೆನ್ಸಿಲನ್ನು ದಾರಕ್ಕೆ ಕಟ್ಟಿ ತೂಗುಹಾಕಿದ್ದರು.